ಡಿಪಾಸಿಟ್ ಇಡುವ ಮೊದಲು ಆ ಕಾಗದ ಓದುವುದು ಹೇಗೆ

ಮುಂಬೈನ ಮಾಟುಂಗ, ವಡಾಲಾ ಕಡೆಯ ಹೋಟೆಲುಗಳ ಲೆಕ್ಕ ಬರೆಯುವುದು ನನ್ನ ಕೆಲಸ. ಸಂಬಳ ಆಯಿತೆಂದರೆ ಅಡುಗೆಯವರು, ಸಪ್ಲೈಯರ್ ಹುಡುಗರು ಯಾವುದೋ ಸ್ಕೀಮಿನ ಕಾಗದ ಹಿಡಿದು ಬರುತ್ತಾರೆ. "ಅಕ್ಕಾ, ಇದರಲ್ಲಿ ದುಡ್ಡು ಹಾಕಬಹುದಾ?" ಕಾಗದ ಕೊಟ್ಟ ಏಜೆಂಟ್ ಹೆಚ್ಚಾಗಿ ನಮ್ಮ ಊರ ಕಡೆಯವನೇ. ಮೇಲೆ ದಪ್ಪ ಅಕ್ಷರದಲ್ಲಿ "ಭಾರತ ಸರ್ಕಾರದಿಂದ ನೋಂದಾಯಿತ" ಎಂದಿರುತ್ತದೆ. ಆ ಸಾಲಿಗೆ ಮರುಳಾಗಬೇಡಿ. ಕಂಪನಿ ನೋಂದಣಿ ಯಾರು ಬೇಕಾದರೂ ಮಾಡಿಸಬಹುದು. ಜನರಿಂದ ಠೇವಣಿ ತೆಗೆದುಕೊಳ್ಳುವ ಅನುಮತಿಯೇ ಬೇರೆ. ಹುಡುಕಬೇಕಾದ್ದು ಅದನ್ನು.

ಕಾಗದದ ಕೆಳಗೆ ಸಣ್ಣದಾಗಿ ಸಿಐಎನ್, ಅಂದರೆ ಕಂಪನಿಯ ಗುರುತಿನ ನಂಬರ್ ಇರುತ್ತದೆ. ಅಕ್ಷರ, ಅಂಕಿ ಸೇರಿ ಒಟ್ಟು 21. ಮೊದಲ ಅಕ್ಷರ 'ಎಲ್' ಇದ್ದರೆ ಕಂಪನಿ ಶೇರು ಮಾರುಕಟ್ಟೆಯಲ್ಲಿದೆ, 'ಯು' ಇದ್ದರೆ ಇಲ್ಲ. ಆಮೇಲಿನ ಐದು ಅಂಕಿ ಯಾವ ವ್ಯವಹಾರ ಎಂದು ತಿಳಿಸುತ್ತವೆ. ನಂತರ ರಾಜ್ಯ, ಮಹಾರಾಷ್ಟ್ರಕ್ಕೆ 'ಎಂಎಚ್'. ಅದರ ಪಕ್ಕದ ನಾಲ್ಕು ಅಂಕಿ ಕಂಪನಿ ನೋಂದಣಿಯಾದ ವರ್ಷ. "25 ವರ್ಷಗಳ ವಿಶ್ವಾಸ" ಎಂದು ಹಾಕಿಕೊಂಡು ಇಲ್ಲಿ 2022 ಇದ್ದರೆ ಅಲ್ಲೇ ನಿಲ್ಲಿಸಿ, ಕಾರಣ ಕೇಳಿ. ವರ್ಷ ಆದ ಮೇಲೆ ಮೂರು ಅಕ್ಷರ ಬರುತ್ತವೆ. ಅಲ್ಲಿ 'ಪಿಟಿಸಿ' ಇದ್ದರೆ ಪ್ರೈವೇಟ್ ಲಿಮಿಟೆಡ್ ಎಂದರ್ಥ. ರಿಸರ್ವ್ ಬ್ಯಾಂಕಿನ ಅನುಮತಿ ಇಲ್ಲದ ಪ್ರೈವೇಟ್ ಲಿಮಿಟೆಡ್ ಕಂಪನಿ ಹೊರಗಿನ ಜನರ ಠೇವಣಿ ತೆಗೆದುಕೊಳ್ಳುವಂತಿಲ್ಲ. 2013ರ ಕಂಪನಿ ಕಾಯ್ದೆಯೇ ಹಾಗೆ ಹೇಳುತ್ತದೆ. ನಂಬರೇ ಇಲ್ಲದ ಕಾಗದಕ್ಕೆ ಒಂದು ರೂಪಾಯಿಯನ್ನೂ ಕೊಡಬೇಡಿ.

ನಂಬರ್ ಇದ್ದರೆ ಕಾರ್ಪೊರೇಟ್ ವ್ಯವಹಾರಗಳ ಸಚಿವಾಲಯದ ವೆಬ್‌ಸೈಟಿನಲ್ಲಿ ಕಂಪನಿಯ ಮಾಸ್ಟರ್ ಡೇಟಾ, ಅಂದರೆ ಮೂಲ ವಿವರಗಳ ಪುಟ ತೆಗೆದು ನೋಡಿ. ಬಂಡವಾಳ ಎಷ್ಟು, ಕೊನೆಯ ಬ್ಯಾಲೆನ್ಸ್ ಶೀಟ್ ಯಾವ ವರ್ಷದ್ದು ಎಂಬ ಎರಡೇ ವಿಷಯ ಸಾಕು. ಒಂದು ಲಕ್ಷ ಬಂಡವಾಳದ ಕಂಪನಿ ನಿಮ್ಮ ಎರಡು ಲಕ್ಷಕ್ಕೆ ಹೇಗೆ ಹೊಣೆಯಾಗುತ್ತದೆ ಹೇಳಿ!

ಫೈನಾನ್ಸ್ ಕಂಪನಿಯಾದರೆ ರಿಸರ್ವ್ ಬ್ಯಾಂಕಿನ 'ಸಚೇತ್' ಪೋರ್ಟಲ್‌ನಲ್ಲಿ ಹೆಸರು ಹುಡುಕಿ. ಸಾಲ ಕೊಡುವ ಅನುಮತಿ ತುಂಬ ಕಂಪನಿಗಳಿಗಿದೆ, ಠೇವಣಿ ತೆಗೆದುಕೊಳ್ಳುವ ಅನುಮತಿ ಕೆಲವಕ್ಕೆ ಮಾತ್ರ. ಅನುಮತಿ ಇದ್ದವರೂ ವರ್ಷಕ್ಕೆ ಶೇ. 12.5ಕ್ಕಿಂತ ಜಾಸ್ತಿ ಬಡ್ಡಿ ಕೊಡುವಂತಿಲ್ಲ. ತಿಂಗಳಿಗೆ 3 ಪರ್ಸೆಂಟ್ ಎಂದರೆ ವರ್ಷಕ್ಕೆ 36. ಅಲ್ಲಿಗೆ ಮಾತು ಮುಗಿಯಿತು. 2025ರ ಜನವರಿಯಲ್ಲಿ ದಾದರ್‌ನ ಟೋರೆಸ್ ಅಂಗಡಿ ಮುಂದೆ ಜನ ಸೇರಿದ್ದು ನೆನಪಿದೆ ಅಲ್ವಾ? ಹರಳು ಕೊಂಡರೆ ವಾರ ವಾರ ದುಡ್ಡು ಎಂದು ನಂಬಿಸಿದ್ದರು, ಆ ದುಡ್ಡು ನಿಂತುಹೋಗಿತ್ತು.

ಬ್ಯಾಂಕೇ ಆದರೂ ಒಂದು ಲೆಕ್ಕ ಇಟ್ಟುಕೊಳ್ಳಿ. ಬ್ಯಾಂಕ್ ಮುಳುಗಿದರೆ ಠೇವಣಿ ವಿಮೆಯಿಂದ ಸಿಗುವುದು ಅಸಲು, ಬಡ್ಡಿ ಸೇರಿ ಹೆಚ್ಚೆಂದರೆ 5 ಲಕ್ಷ. ಒಂದೇ ಬ್ಯಾಂಕಿನ ಮುಲುಂಡ್ ಶಾಖೆಯಲ್ಲಿ ನಾಲ್ಕು, ಸಾಯನ್ ಶಾಖೆಯಲ್ಲಿ ನಾಲ್ಕು ಇಟ್ಟರೂ ನಿಮ್ಮ ಹೆಸರಿಗೆ 5 ಲಕ್ಷವೇ. ಜಾಸ್ತಿ ಇದ್ದರೆ ಬೇರೆ ಬೇರೆ ಬ್ಯಾಂಕಿನಲ್ಲಿ ಹಂಚಿ ಇಡಿ. ಭಾಂಡುಪ್‌ನ ಪಿಎಂಸಿ (ಪಂಜಾಬ್ ಮತ್ತು ಮಹಾರಾಷ್ಟ್ರ ಸಹಕಾರಿ) ಬ್ಯಾಂಕಿನ ಮೇಲೆ 2019ರ ಸೆಪ್ಟೆಂಬರಿನಲ್ಲಿ ನಿರ್ಬಂಧ ಬಂದಾಗ ಮೊದಲು ತೆಗೆಯಲು ಬಿಟ್ಟದ್ದು ಸಾವಿರ ರೂಪಾಯಿ. ಸಾಲದ ಬಹುಪಾಲು ಎಚ್‌ಡಿಐಎಲ್ ಎಂಬ ಒಂದೇ ಬಿಲ್ಡರ್ ಗುಂಪಿಗೆ ಹೋಗಿತ್ತು. ಅದನ್ನು ಮುಚ್ಚಿಡಲು ಸಾವಿರಾರು ಸುಳ್ಳು ಖಾತೆ ಬರೆದಿದ್ದರು. ಆಗ ವಿಮೆ ಇದ್ದದ್ದು ಒಂದೇ ಲಕ್ಷಕ್ಕೆ. 2020ರ ಫೆಬ್ರವರಿಯಲ್ಲಿ ಐದಕ್ಕೆ ಏರಿತು.

ಕ್ರೆಡಿಟ್ ಸೊಸೈಟಿ, ಅಂದರೆ ಇಲ್ಲಿಯ ಪತ್‌ಪೇಢಿಗೆ ಈ ವಿಮೆಯೂ ಇಲ್ಲ. ರಿಸರ್ವ್ ಬ್ಯಾಂಕಿನ ಕಣ್ಗಾವಲೂ ಇಲ್ಲ, ಅದು ಸಹಕಾರ ಇಲಾಖೆಯ ಕೆಳಗೆ ಬರುತ್ತದೆ. ನಮ್ಮವರು ನಡೆಸುವ ಒಳ್ಳೆಯ ಸೊಸೈಟಿಗಳು ಖಂಡಿತ ಇವೆ. ಆದರೂ ವಾರ್ಷಿಕ ವರದಿ ಕೇಳಿ ತೆಗೆದುಕೊಳ್ಳಿ. ಆಡಿಟರ್ ಕೊಟ್ಟ ದರ್ಜೆ ಎ, ಬಿ, ಸಿ, ಡಿಯಲ್ಲಿ ಯಾವುದು, ವಾಪಸ್ ಬಾರದ ಸಾಲ ಎಷ್ಟು ನೋಡಿ. ಆಡಳಿತ ಮಂಡಳಿಯವರೇ ದೊಡ್ಡ ಸಾಲಗಾರರಾಗಿದ್ದರೆ ದುಡ್ಡು ಇಡಬೇಡಿ. ಸದಸ್ಯರಾಗಿದ್ದರೆ ವಾರ್ಷಿಕ ಸಭೆಗೆ ಹೋಗಿ. ಊಟ ಮಾಡಿ ಸುಮ್ನೆ ಎದ್ದು ಬರಬೇಡಿ, ಎದ್ದು ನಿಂತು ಕೇಳಿ.

"ನಮ್ಮೂರಿನವನನ್ನೇ ಕೇಳಿದರೆ ಬೇಜಾರು ಮಾಡಿಕೊಳ್ಳುತ್ತಾನೆ" ಎನ್ನುವವರೇ ಜಾಸ್ತಿ. ನನಗೆ ಸಂಕಟ ಆಗುವುದು ಅಲ್ಲೇ. ಮೂವತ್ತು ವರ್ಷ ಒಲೆ ಮುಂದೆ ನಿಂತು ಕೂಡಿಸಿದ ದುಡ್ಡು ಅದು. ನೆಟ್ಟಗೆ ವ್ಯವಹಾರ ಮಾಡುವವನಿಗೆ ಕಾಗದ ತೋರಿಸಲು ಯಾಕೆ ಬೇಜಾರು? ಪಾಪ, ಎಷ್ಟೋ ಸಲ ಏಜೆಂಟಿಗೂ ಗೊತ್ತಿರುವುದಿಲ್ಲ. ಅವನನ್ನೂ ಜೊತೆಗೆ ಕೂರಿಸಿಕೊಂಡೇ ನೋಡಿ.

ಕೊಡುವುದಾದರೆ ಚೆಕ್ಕಿನಲ್ಲೋ ಯುಪಿಐನಲ್ಲೋ ಕಂಪನಿಯ ಖಾತೆಗೇ ಕೊಡಿ, ಏಜೆಂಟಿನ ಸ್ವಂತ ನಂಬರಿಗೆ ಬೇಡ. ಬಡ್ಡಿ ತಪ್ಪಿತು, ಫೋನ್ ಎತ್ತುತ್ತಿಲ್ಲ ಎಂದರೆ ಕಾಯುತ್ತಾ ಕೂರಬೇಡಿ. ಸಚೇತ್‌ನಲ್ಲೇ ದೂರು ಹಾಕಬಹುದು. ಹತ್ತಿರದ ಪೊಲೀಸ್ ಠಾಣೆಗೂ ಬರೆದು ಕೊಡಿ, ದೊಡ್ಡ ಮೊತ್ತದ ಕೇಸುಗಳು ಮುಂಬೈ ಪೊಲೀಸರ ಆರ್ಥಿಕ ಅಪರಾಧ ವಿಭಾಗಕ್ಕೆ ಹೋಗುತ್ತವೆ. ಮಹಾರಾಷ್ಟ್ರದಲ್ಲಿ ಠೇವಣಿದಾರರಿಗೆಂದೇ 1999ರ ಎಂಪಿಐಡಿ ಕಾಯ್ದೆ ಇದೆ, ಅದರಡಿ ಕಂಪನಿಯವರ ಆಸ್ತಿ ಜಪ್ತಿ ಮಾಡಬಹುದು. ಆದರೆ ದುಡ್ಡು ಕೊಟ್ಟದ್ದಕ್ಕೆ ನಿಮ್ಮ ಕೈಲಿರುವ ಸಾಕ್ಷಿ ರಸೀದಿ. ಹಾಗಾಗಿ "ರಿನ್ಯೂ ಮಾಡಿಸಿ ತರುತ್ತೇನೆ" ಎಂದು ಯಾರೇ ಬಂದರೂ ಮೂಲ ರಸೀದಿ ಕೊಡಬೇಡಿ. ಝೆರಾಕ್ಸ್ ಕೊಡಿ. ಮೂಲ ಬೇಕೇ ಬೇಕು ಎಂದರೆ ನೀವೇ ಆಫೀಸಿಗೆ ಹೋಗಿ, ಹೊಸ ರಸೀದಿ ಕೈಗೆ ಬಂದ ಮೇಲೆ ಹಳೆಯದನ್ನು ಬಿಟ್ಟುಕೊಡಿ.